ಪೊಟ್ಯಾಷಿಯಂ 3.1 ಬಂದಿದೆ, ಬಾಳೆಹಣ್ಣು ಸಾಕಾ?

ಪ್ರಶ್ನೆ: ಡಾಕ್ಟ್ರೇ, ನಮ್ಮಮ್ಮಂಗೆ 61 ವರ್ಷ, ಬಿಪಿಗೆ ಮೂತ್ರ ಜಾಸ್ತಿ ಹೋಗೋ ಮಾತ್ರೆ ತಗೋತಾರೆ. ಹೋದ ವಾರ ನಾಲ್ಕು ದಿನ ಭೇದಿ ಆಗಿತ್ತು, ಅದು ನಿಂತ್ರೂ ಸುಸ್ತು ಹೋಗಿಲ್ಲ, ರಾತ್ರಿ ಮೀನಖಂಡ ಹಿಡ್ಕೊಳ್ಳುತ್ತೆ, ಮೆಟ್ಟಿಲು ಹತ್ತೋಕೆ ಕಾಲಲ್ಲಿ ಬಲಾನೇ ಇಲ್ಲ ಅಂತಾರೆ. ಬ್ಲಡ್ ಟೆಸ್ಟಲ್ಲಿ ಪೊಟ್ಯಾಷಿಯಂ 3.1 ಬಂದಿದೆ. ದಿನಾ ಎರಡು ಬಾಳೆಹಣ್ಣು ಕೊಟ್ರೆ ಸರಿಹೋಗುತ್ತಾ?

ಉತ್ತರ: ಹಣ್ಣು ಕೊಡಿ, ಆದ್ರೆ ಅದನ್ನೇ ನಂಬ್ಕೊಂಡು ಕೂರಬೇಡಿ, ಇವತ್ತೇ ಅಮ್ಮನ್ನ ಡಾಕ್ಟರ್ ಹತ್ರ ಕರ್ಕೊಂಡು ಹೋಗಿ. ನಾರ್ಮಲ್ ಅಂದ್ರೆ 3.5ರಿಂದ 5. ಪೊಟ್ಯಾಷಿಯಂ ಬಹುಪಾಲು ಜೀವಕೋಶಗಳ ಒಳಗೇ ಇರುತ್ತೆ, ರಕ್ತದಲ್ಲಿ ಸಿಗೋದು ಚೂರೇ ಚೂರು, ಹಾಗಾಗಿ ರಿಪೋರ್ಟಲ್ಲಿ ಇಷ್ಟೇ ಇಷ್ಟು ಕಮ್ಮಿ ಕಂಡ್ರೂ ಒಳಗಡೆ ಕೊರತೆ ದೊಡ್ಡದೇ ಇರಬಹುದು. ಒಂದು ಬಾಳೆಹಣ್ಣಲ್ಲಿ ಸಿಗೋದು ಸುಮಾರು 400 ಮಿಲಿಗ್ರಾಂ, ದೊಡ್ಡವರಿಗೆ ದಿನಕ್ಕೆ ಬೇಕಾಗೋದು 3,500ರ ಹತ್ರ, ಲೆಕ್ಕ ನೀವೇ ಹಾಕಿ.

ತಿನ್ನೋದು ಕಮ್ಮಿ ಆಗಿ ಪೊಟ್ಯಾಷಿಯಂ ಇಳಿಯೋದು ಅಪರೂಪ, ಸಾಮಾನ್ಯವಾಗಿ ಅದು ಎಲ್ಲೋ ಸೋರಿ ಹೋಗ್ತಿರುತ್ತೆ. ಅಮ್ಮಂಗೆ ಎರಡು ಕಡೆಯಿಂದ ಹೋಗಿದೆ, ಭೇದೀಲೂ ಹೋಗಿದೆ, ಮಾತ್ರೆಯಿಂದ ಮೂತ್ರದಲ್ಲೂ ಹೋಗ್ತಿದೆ. ಹಾಗಂತ ಮಾತ್ರೆ ನೀವೇ ನಿಲ್ಲಿಸಬೇಡಿ, ಡೋಸ್ ಇಳಿಸ್ಬೇಕಾ ಬೇರೆ ಕೊಡ್ಬೇಕಾ ಅನ್ನೋದನ್ನ ಬರೆದುಕೊಟ್ಟವರೇ ಹೇಳಲಿ. ಒಂದು ಇಸಿಜಿ, ಕಿಡ್ನಿ ಹೇಗಿದೆ ಅಂತ ತೋರ್ಸೋ ಕ್ರಿಯೇಟಿನಿನ್, ಜೊತೆಗೆ ಮೆಗ್ನೀಷಿಯಂ ಟೆಸ್ಟ್ ಮಾಡ್ಸೋಣ್ವಾ ಅಂತ ನೀವಾಗೇ ಕೇಳಿ, ಯಾಕಂದ್ರೆ ಮೆಗ್ನೀಷಿಯಂ ಕಮ್ಮಿ ಇದ್ರೆ ಎಷ್ಟು ಪೊಟ್ಯಾಷಿಯಂ ಕೊಟ್ರೂ ಕಿಡ್ನಿ ಅದನ್ನ ಹೊರಗೆ ಹಾಕ್ತಾನೇ ಇರುತ್ತೆ, ಇದು ಎಷ್ಟೋ ಸಲ ಮರೆತೇ ಹೋಗುತ್ತೆ.

ಪೊಟ್ಯಾಷಿಯಂ ಸಿರಪ್ ಬರೆದುಕೊಟ್ರೆ ಊಟ ಆದ್ಮೇಲೆ, ಚೆನ್ನಾಗಿ ನೀರು ಬೆರೆಸಿ ಕುಡಿಸಿ, ಹಾಗೇ ಕುಡಿದ್ರೆ ಹೊಟ್ಟೆ ಉರಿಯುತ್ತೆ. ದಯವಿಟ್ಟು ಅಂಗಡೀಲಿ ಕೇಳಿ ತಂದು ಕುಡಿಸಬೇಡಿ. ಕಿಡ್ನಿ ಸರಿ ಇಲ್ದೋರಿಗೆ, ಅಥವಾ ಟೆಲ್ಮಿಸಾರ್ಟನ್, ಸ್ಪೈರೊನೊಲ್ಯಾಕ್ಟೋನ್ ತರದ, ಪೊಟ್ಯಾಷಿಯಂ ಹೊರಗೆ ಹೋಗದಂಗೆ ತಡೆಯೋ ಬಿಪಿ ಮಾತ್ರೆ ತಗೊಳ್ಳೋರಿಗೆ ರಕ್ತದಲ್ಲಿ ಪೊಟ್ಯಾಷಿಯಂ ಮೇಲೇರಿ ಹೃದಯಕ್ಕೇ ಅಪಾಯ ಆಗಬಹುದು. ಸೋಡಿಯಂ ಕಮ್ಮಿ ಇರೋ ಉಪ್ಪಿನ ಪ್ಯಾಕೆಟಲ್ಲೂ ಹೆಚ್ಚಾಗಿ ಪೊಟ್ಯಾಷಿಯಂ ಇರುತ್ತೆ, ನೋಡ್ಕೊಳ್ಳಿ.

ಎದೆ ಬಡಿತ ತಪ್ಪಿದಂಗೆ ಅನ್ಸಿದ್ರೆ, ತಲೆ ಸುತ್ತಿ ಬಿದ್ರೆ, ಕೈಕಾಲು ಎತ್ತೋಕೇ ಆಗ್ದಿದ್ರೆ, ಉಸಿರಾಡೋಕೆ ಕಷ್ಟ ಆದ್ರೆ ಬೆಳಗಾಗೋವರೆಗೂ ಕಾಯಬೇಡಿ, ನೇರ ಎಮರ್ಜೆನ್ಸಿಗೆ ಹೋಗಿ. ಅಲ್ಲಿ ಡ್ರಿಪ್ಪಲ್ಲಿ ನಿಧಾನವಾಗಿ ಕೊಡ್ತಾರೆ, ಬೇಗ ಹಾಕಿ ಅಂತ ಮಾತ್ರ ಒತ್ತಾಯ ಮಾಡಬೇಡಿ, ರಭಸವಾಗಿ ಹೋದ್ರೆ ಹೃದಯ ನಿಂತೇಬಿಡಬಹುದು. ಕಾಲು ಹಿಡಿಯೋದು ನಿಂತಿತು ಅಂತ ಮರು ಪರೀಕ್ಷೆ ಬಿಡಬೇಡಿ, ಡಾಕ್ಟರ್ ಹೇಳಿದ ದಿನಾನೇ ಮಾಡ್ಸಿ.