ಓದುಗರ ಪ್ರಶ್ನೆ: ರಂಗದಿಂದ ಚಿತ್ರಕಥೆಗೆ ಬಂದ ತೇಯಾ ಫಾನ್ ಹಾರ್ಬೂ

ಪ್ರಶ್ನೆ: ಜರ್ಮನಿಯ ಮೂಕಿ ಚಿತ್ರ ‘ಮೆಟ್ರೊಪೊಲಿಸ್’ನ ಚಿತ್ರಕಥೆ ಬರೆದ ತೇಯಾ ಫಾನ್ ಹಾರ್ಬೂ ನಟಿಯೂ ಆಗಿದ್ದರಂತೆ. ಅವರ ಅಭಿನಯ ಯಾವ ಚಿತ್ರದಲ್ಲಿ ನೋಡಲು ಸಿಗುತ್ತದೆ?

ಉತ್ತರ: ಸಿನಿಮಾಗಳಲ್ಲಿ ಹುಡುಕಿ ಪ್ರಯೋಜನವಿಲ್ಲ, ಅವರದು ರಂಗಭೂಮಿ. 1906ರಲ್ಲಿ ಡ್ಯುಸೆಲ್‌ಡೋರ್ಫ್‌ನಲ್ಲಿ ಬಣ್ಣ ಹಚ್ಚಿದವರು ಮುಂದೆ ವೈಮಾರ್, ಕೆಮ್ನಿಟ್ಸ್, ಆಖೆನ್‌ಗಳಲ್ಲಿ ಪಾತ್ರ ಮಾಡಿದರು. ಕಾದಂಬರಿ ಬರೆಯುವುದೂ ಜೊತೆಗೇ ನಡೆದಿತ್ತು. 1914ರಲ್ಲಿ ನಟ ರುಡಾಲ್ಫ್ ಕ್ಲೈನ್-ರೋಗೆ ಅವರನ್ನೂ, 1922ರಲ್ಲಿ ನಿರ್ದೇಶಕ ಫ್ರಿಟ್ಸ್ ಲಾಂಗ್ ಅವರನ್ನೂ ಮದುವೆಯಾದರು. ಹಾಗೆಂದು ಲಾಂಗ್ ಚಿತ್ರಗಳಲ್ಲಿ ಮೊದಲ ಗಂಡನಿಗೆ ಪಾತ್ರಗಳೇನೂ ತಪ್ಪಲಿಲ್ಲ: ಪಾತಕಿ ಡಾಕ್ಟರ್ ಮಾಬುಸೆ ಆತನೇ, ‘ಮೆಟ್ರೊಪೊಲಿಸ್’ನ ವಿಜ್ಞಾನಿ ರೋಟ್ವಾಂಗ್ ಕೂಡ ಆತನೇ.

ಪ್ರಶ್ನೆ: ರಂಗದ ಅನುಭವ ಅವರ ಬರವಣಿಗೆಯಲ್ಲಿ ಕಾಣುತ್ತದೆಯೇ?

ಉತ್ತರ: ಲಾಂಗ್ ಜೊತೆ ಅವರು ಬರೆದ 1931ರ ಚಿತ್ರ ‘ಎಂ’ ನೋಡಿ. ಮಕ್ಕಳ ಹಂತಕನ ಮುಖ ಮೊದಲು ಕಾಣುವುದೇ ಇಲ್ಲ. ಅವನನ್ನು ಹಿಡಿದುಕೊಟ್ಟವರಿಗೆ ಬಹುಮಾನ ಎಂಬ ಭಿತ್ತಿಪತ್ರದ ಮೇಲೆ ಅವನದೇ ನೆರಳು ಬೀಳುತ್ತದೆ. ಹೆಚ್ಚು ಕಡಿಮೆ ಅವನ ಸಿಳ್ಳೆಯೇ ಗುರುತು. ಕೊನೆಗೆ ಕಳ್ಳಕಾಕರೇ ನೆಲಮಾಳಿಗೆಯಲ್ಲಿ ನಡೆಸುವ ವಿಚಾರಣೆಯಲ್ಲಿ ಅವನಿಗೆ ಉದ್ದನೆಯ ಮಾತು ಬಿಟ್ಟುಕೊಡಲಾಗಿದೆ. ನಟನಿಗೆ ಮಾತು ಯಾವಾಗ ಕೊಡಬೇಕು, ಅಲ್ಲಿಯವರೆಗೆ ಎಷ್ಟು ತಡೆಹಿಡಿಯಬೇಕು ಎಂಬ ಲೆಕ್ಕ ರಂಗದ ಮೇಲೆ ನಿಂತವರಿಗೇ ಗೊತ್ತು. ಇದಕ್ಕೆ ಹೋಲಿಸಿದರೆ ‘ಮೆಟ್ರೊಪೊಲಿಸ್’ನ ಉಪದೇಶ ಸಪ್ಪೆ: ಆಳುವ ತಲೆಗೂ ದುಡಿಯುವ ಕೈಗೂ ನಡುವೆ ಹೃದಯ ಇರಬೇಕಂತೆ! ಲಾಂಗ್ ಅವರಿಗೇ ಮುಂದೆ ಅದು ಹಿಡಿಸಲಿಲ್ಲ.

ಪ್ರಶ್ನೆ: ‘ಮೆಟ್ರೊಪೊಲಿಸ್’ ನೋಡಿದೆ. ರೋಟ್ವಾಂಗ್‌ಗೆ ಯಾಕಷ್ಟು ಹಗೆ ಎಂಬುದೇ ತಿಳಿಯಲಿಲ್ಲ. ಚಿತ್ರಕಥೆಯ ದೋಷವೇ?

ಉತ್ತರ: ಅಲ್ಲ, ಕತ್ತರಿಯ ದೋಷ. ನೀವು ನೋಡಿದ್ದು ಹಳೆಯ ಮೊಟಕು ಪ್ರತಿ ಇರಬೇಕು. 1927ರ ಜನವರಿ 10ರಂದು ಬರ್ಲಿನ್‌ನಲ್ಲಿ ತೆರೆಕಂಡ ಚಿತ್ರವನ್ನು ಅಮೆರಿಕಕ್ಕೆಂದು ಕತ್ತರಿಸುವಾಗ ಹೆಲ್ ಎಂಬಾಕೆಯ ಪ್ರಸಂಗವನ್ನೇ ಕಿತ್ತುಹಾಕಿದರು. ರೋಟ್ವಾಂಗ್ ಪ್ರೀತಿಸಿದವಳು ನಗರದೊಡೆಯನನ್ನು ಮದುವೆಯಾಗಿ, ಮಗನನ್ನು ಹೆತ್ತು ಸತ್ತಳು. ಅವನು ಕಟ್ಟಿದ ಯಂತ್ರಮಾನವಿಯ ಹಿಂದಿರುವುದು ಆ ನೋವು. ಅದು ಹೋದಮೇಲೆ ಉಳಿದದ್ದು ಬರೀ ಹುಚ್ಚು ವಿಜ್ಞಾನಿ.

2010ರ ಪುನರುಜ್ಜೀವಿತ ಪ್ರತಿಯನ್ನೇ ನೋಡಿ, ಸುಮಾರು ಎರಡೂವರೆ ಗಂಟೆ ಇದೆ. 2008ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ಸಿಕ್ಕ 16 ಎಂಎಂ (ಕಿರಿದಾದ ಫಿಲ್ಮಿನ) ಪ್ರತಿಯಿಂದ ಕಳೆದುಹೋದ ಬಹಳಷ್ಟು ಭಾಗ ಸೇರಿದೆ. ನಡುನಡುವೆ ಚಿತ್ರ ಗೀಚಿಹೋದಂತೆ ಕಂಡರೆ ನಿಮ್ಮ ಟಿವಿಯನ್ನು ಬೈಯಬೇಡಿ. ಸವೆದ 35 ಎಂಎಂ ಪ್ರತಿಯನ್ನು 16ಕ್ಕೆ ಇಳಿಸುವಾಗ ಅದರ ಗೀರುಗಳೂ ಸೇರಿಯೇ ಅಚ್ಚಾದವು, ಚೌಕಟ್ಟಿನ ಅಂಚೂ ಕತ್ತರಿಸಿಹೋಯಿತು. ಹಾಗಾಗಿ ಗೀರು ಕಂಡಲ್ಲೆಲ್ಲ ಮರಳಿ ಬಂದ ದೃಶ್ಯವೆಂದು ತಿಳಿಯಬಹುದು.

ಪ್ರಶ್ನೆ: ಹಾರ್ಬೂ ಭಾರತೀಯರೊಬ್ಬರನ್ನು ಮದುವೆಯಾಗಿದ್ದರೆಂಬುದು ನಿಜವೇ? ನಾಜಿಗಳ ಜೊತೆಗೂ ಇದ್ದರಂತೆ?

ಉತ್ತರ: ಎರಡೂ ನಿಜ. 1933ರಲ್ಲಿ ಲಾಂಗ್‌ರಿಂದ ವಿಚ್ಛೇದನವಾಯಿತು. ಅವರು ದೇಶ ಬಿಟ್ಟರು, ಈಕೆ ಉಳಿದು ನಾಜಿ ಪಕ್ಷದ ಸದಸ್ಯೆಯಾಗಿ ಚಿತ್ರಗಳಿಗೆ ಬರೆದರು, 1934ರಲ್ಲಿ ಎರಡನ್ನು ನಿರ್ದೇಶಿಸಿದರು ಕೂಡ. ಅದೇ ಕಾಲದಲ್ಲಿ ಬೆಳಗಾವಿ ಬಳಿಯ ಬೆಳಗುಂದಿಯ ಪತ್ರಕರ್ತ ಆಯಿ ತೆಂಡೂಲ್ಕರ್ ಅವರನ್ನು ಗುಟ್ಟಾಗಿ ಮದುವೆಯಾದರು. ಭಾರತೀಯ ಗಂಡನಿದ್ದ ಮಾತ್ರಕ್ಕೆ ಆ ಸದಸ್ಯತ್ವವನ್ನು ಮಾಫಿ ಮಾಡಲಾಗದು. ಯುದ್ಧ ಮುಗಿದಮೇಲೆ ಬ್ರಿಟಿಷರು ಅವರನ್ನು ಶಿಬಿರದಲ್ಲಿ ಬಂಧಿಸಿಟ್ಟಿದ್ದರು. ತೀರಿಕೊಂಡದ್ದು 1954ರ ಜುಲೈ 1ರಂದು, ಬರ್ಲಿನ್‌ನಲ್ಲಿ.