ಬೀದಿ ಚಿತ್ರ ನೋಡೋಕೆ ಗೈಡ್ ಬೇಕಾ? ತುಮಕೂರಲ್ಲೂ ಅಂಥ ವಾಕ್ ಮಾಡಬಹುದಾ?

ನೀವು ಎರಡು ವಿಷಯ ಕೇಳಿದ್ದೀರಿ. ಬೆಂಗಳೂರಲ್ಲಿ ಗೋಡೆ ಚಿತ್ರ ತೋರಿಸುವ ವಾಕ್‌ಗೆ ದುಡ್ಡು ಕೊಟ್ಟು ಹೋಗಬೇಕಾ, ಮ್ಯಾಪ್ ಹಾಕಿಕೊಂಡು ನಾವೇ ಸುತ್ತಿದರೆ ಸಾಲದಾ ಅನ್ನೋದು ಒಂದು. ತುಮಕೂರಲ್ಲಿ ಕಾಲೇಜು ಗೆಳೆಯರೆಲ್ಲ ಸೇರಿ ಅಂಥದ್ದೇ ಒಂದನ್ನು ಶುರು ಮಾಡಬಹುದಾ ಅನ್ನೋದು ಇನ್ನೊಂದು. ಎರಡಕ್ಕೂ ನನ್ನ ಉತ್ತರ ಹೌದು, ದುಡ್ಡು ಕೊಟ್ಟು ಹೋಗಿ, ತುಮಕೂರಲ್ಲೂ ಶುರು ಮಾಡಿ. ಆದರೆ ಷರತ್ತೂ ಎರಡಕ್ಕೂ ಒಂದೇ. ಆ ಗೋಡೆ ಬರೆದವರು ಯಾರು ಅಂತ ಹೇಳುವ ವಾಕ್ ಆಗಿರಬೇಕು. ಬರೀ ಫೋಟೋಗೆ ನಿಲ್ಲಿಸುವ ವಾಕ್ ಆದರೆ ಮ್ಯಾಪೇ ಸಾಕು, ದುಡ್ಡು ಉಳಿಸಿಕೊಳ್ಳಿ.

ನಾನು ತುಮಕೂರಿನವನು. ಮಂಡಿಪೇಟೆ ಕಡೆ ಬೋರ್ಡ್ ಬರೆಯುವ ಅಂಗಡಿಯಲ್ಲಿ ಕೆಲಸ ಕಲಿತೆ, ಈಗ ಮಕ್ಕಳಿಗೆ ಡ್ರಾಯಿಂಗ್ ಹೇಳಿಕೊಡುತ್ತೇನೆ. ಹಾಗಾಗಿ ಈ ಪ್ರಶ್ನೆ ಬಗ್ಗೆ ನನಗೆ ಸ್ವಲ್ಪ ಜಾಸ್ತಿನೇ ಹೇಳೋದಿದೆ.

ಮೊದಲು ಬೆಂಗಳೂರು. ಕಲಾವಿದ ಬಾದಲ್ ನಂಜುಂಡಸ್ವಾಮಿ 2015ರಲ್ಲಿ ಸುಲ್ತಾನ್‌ಪಾಳ್ಯದ ರಸ್ತೆ ಗುಂಡಿಯಲ್ಲಿ ಮೊಸಳೆಯ ಪ್ರತಿಕೃತಿ ಇಟ್ಟಿದ್ದು ನಿಮಗೆ ನೆನಪಿರಬಹುದು. ಗುಂಡಿಯ ನೀರಿಗೆ ಬಣ್ಣ ಹಾಕಿ, ಅದರೊಳಗೆ ಒಂದು ಮೊಸಳೆ ಬಿಟ್ಟರು. ಸುದ್ದಿ ಎಲ್ಲ ಕಡೆ ಹರಡಿತು, ಗುಂಡಿ ಮುಚ್ಚಿದರು. ಈಗ ಅಲ್ಲಿಗೆ ಹೋದರೆ ಬರೀ ಟಾರು ರಸ್ತೆ. ಮ್ಯಾಪ್ ಹಿಡಿದು ಹೋದವರಿಗೆ ಅಲ್ಲಿ ಏನೂ ಕಾಣೋದಿಲ್ಲ. ಗೊತ್ತಿರುವವರು ಜೊತೆಗಿದ್ದರೆ ಅದೇ ಟಾರಿನ ಮೇಲೆ ನಿಂತು ಒಂದು ಕೃತಿಯ ಪೂರ್ತಿ ಕತೆ ಕೇಳಬಹುದು. ಬೀದಿ ಕಲೆಯಲ್ಲಿ ಅರ್ಧಕ್ಕರ್ಧ ಹೀಗೆ ಹೋಗಿಬಿಟ್ಟದ್ದೇ. ಮಳೆಗೆ ಸುಲಿದು ಹೋಗುತ್ತದೆ, ಅದರ ಮೇಲೆ ಇನ್ನೊಬ್ಬರು ಬರೆಯುತ್ತಾರೆ, ಇಲ್ಲವೇ ಕಟ್ಟಡವನ್ನೇ ಕೆಡವುತ್ತಾರೆ. ನ್ಯೂಯಾರ್ಕಿನ ಫೈವ್ ಪಾಯಿಂಟ್ಸ್ ಅನ್ನುವ ಕಟ್ಟಡದ ಚಿತ್ರ ತುಂಬಿದ್ದ ಗೋಡೆಗಳಿಗೆ ಮಾಲೀಕರು 2013ರಲ್ಲಿ ರಾತ್ರೋರಾತ್ರಿ ಸುಣ್ಣ ಬಳಿಸಿದರು. ಕಲಾವಿದರು ಕೋರ್ಟಿಗೆ ಹೋದರು. 2018ರಲ್ಲಿ 21 ಕಲಾವಿದರಿಗೆ ಒಟ್ಟು 67 ಲಕ್ಷ ಡಾಲರ್ ಪರಿಹಾರ ಕೊಡಿ ಅಂತ ತೀರ್ಪು ಬಂತು. ಗೋಡೆ ಯಾರದೋ ಆದರೂ ಚಿತ್ರದ ಮೇಲೆ ಬರೆದವರಿಗೂ ಹಕ್ಕಿದೆ ಅಂತ ಆ ಕೋರ್ಟು ಒಪ್ಪಿತು. ಒಳ್ಳೆ ಗೈಡ್ ಇಂಥದ್ದನ್ನೆಲ್ಲ ಗೋಡೆ ಮುಂದೆ ನಿಂತೇ ಹೇಳುತ್ತಾರೆ.

ಇನ್ನೊಂದು, ನಾನು ತುಂಬಾ ಮನಸ್ಸಿಗೆ ಹಚ್ಚಿಕೊಂಡ ವಿಷಯ. 2009ರ ಸುಮಾರಿಗೆ ಬೆಂಗಳೂರು ಪಾಲಿಕೆಯವರು ಊರಿನ ಕಾಂಪೌಂಡ್ ಗೋಡೆಗಳ ಮೇಲೆ ಹಂಪಿ, ಜೋಗ, ದಸರಾ, ಯಕ್ಷಗಾನ, ಹುಲಿ ಎಲ್ಲ ಬರೆಸಿದರು. ಬರೆದವರು ಸಿನಿಮಾ ಬ್ಯಾನರ್, ಅಂಗಡಿ ಬೋರ್ಡು ಬರೆದು ಬದುಕುತ್ತಿದ್ದ ಪೇಂಟರ್‌ಗಳು. ಫ್ಲೆಕ್ಸ್ ಬಂದು ಅವರ ಕೈಗೆ ಕೆಲಸ ಇಲ್ಲದ ಹೊತ್ತು ಅದು. ನಾನು ಹೋಗಿದ್ದ ಒಂದು ವಾಕ್‌ನಲ್ಲಿ ಗೈಡ್ ಅಂಥ ಗೋಡೆಯೊಂದನ್ನು "ಇದು ಆರ್ಟ್ ಅಲ್ಲ, ಗವರ್ನಮೆಂಟ್ ಪೇಂಟಿಂಗ್" ಅಂದು ದಾಟಿಸಿಕೊಂಡು ಹೋದರು. ನನಗೆ ಅದು ಇವತ್ತಿಗೂ ಸರಿ ಅನಿಸಿಲ್ಲ. ಮೂವತ್ತು ಅಡಿ ಎತ್ತರದ ರಾಜ್‌ಕುಮಾರ್ ಮುಖವನ್ನು ಚೌಕ ಹಾಕಿ ಹಿಗ್ಗಿಸಿ ಬರೆಯುತ್ತಿದ್ದ ಕೈಗಳು ಅವು. ಸ್ಪ್ರೇ ಕ್ಯಾನ್ ಹಿಡಿದರೆ ಕಲೆ, ನಾಲ್ಕಿಂಚಿನ ಬ್ರಷ್ ಹಿಡಿದರೆ ಬರೀ ಪೇಂಟಿಂಗ್ ಅಂದರೆ ಹೇಗೆ?

ಅದಕ್ಕೇ ದುಡ್ಡು ಕಟ್ಟುವ ಮೊದಲು ಫೋನ್ ಮಾಡಿ ಕೇಳಿ. ಬರೆದವರ ಹೆಸರು ಹೇಳುತ್ತಾರಾ? ಗೈಡ್ ಸ್ವತಃ ಬಣ್ಣ ಹಿಡಿದವರಾ, ಅಥವಾ ಆ ಏರಿಯಾದವರಾ? ಗುಂಪಿನಲ್ಲಿ ಎಷ್ಟು ಜನ? ಇಪ್ಪತ್ತೈದು ಜನ ಒಂದು ಗಲ್ಲಿಗೆ ನುಗ್ಗಿದರೆ ಅಲ್ಲಿ ಬಟ್ಟೆ ಒಗೆಯುವವರಿಗೂ ಕಷ್ಟ, ಹಿಂದೆ ನಿಂತ ನಿಮಗೂ ಏನೂ ಕೇಳಿಸೋದಿಲ್ಲ. ಅರವಾನಿ ಆರ್ಟ್ ಪ್ರಾಜೆಕ್ಟ್ ಅಂತ 2016ರಲ್ಲಿ ಬೆಂಗಳೂರಲ್ಲೇ ಶುರುವಾದ ತಂಡ ಇದೆ, ಟ್ರಾನ್ಸ್ ಮಹಿಳೆಯರು ಸೇರಿ ಗೋಡೆ ಬರೆಯುತ್ತಾರೆ. ಅವರ ಚಿತ್ರದ ಮುಂದೆ ನಿಂತಾಗ ಯಾರು ಬರೆದರು ಅನ್ನೋದನ್ನ ಬಿಟ್ಟು ಬಣ್ಣದ ಬಗ್ಗೆ ಮಾತ್ರ ಮಾತಾಡಿದರೆ ಆ ವಾಕ್‌ಗೆ ಅರ್ಥವೇ ಇಲ್ಲ ಅಲ್ವಾ?

ದೆಹಲಿಗೆ ಹೋಗುವುದಿದ್ದರೆ ಲೋಧಿ ಕಾಲೊನಿ ಬಿಡಬೇಡಿ. ಸರ್ಕಾರಿ ನೌಕರರ ಹಳೇ ಕ್ವಾರ್ಟರ್ಸ್ ಗೋಡೆಗಳು, 2015ರಿಂದ ಸ್ಟಾರ್ಟ್ ಇಂಡಿಯಾ ಫೌಂಡೇಶನ್ ಅನ್ನುವ ಬೀದಿ ಕಲೆಯ ಸಂಸ್ಥೆಯವರು ಅನುಮತಿ ಪಡೆದು ಬರೆಸಿದ್ದು. ಅಲ್ಲಿ ಮಾತ್ರ ನಿಧಾನಕ್ಕೆ ಒಬ್ಬರೇ ಸುತ್ತಿದರೂ ಚೆನ್ನಾಗಿರುತ್ತದೆ, ಎಲ್ಲ ಹತ್ತಿರ ಹತ್ತಿರ ಇವೆ.

ಈಗ ನಮ್ಮೂರಿಗೆ ಬರೋಣ. "ತುಮಕೂರಲ್ಲಿ ಏನಿದೆ ತೋರಿಸೋಕೆ" ಅಂತ ನಿಮ್ಮ ಗೆಳೆಯರು ಅಂದರು ಅಂತ ಬರೆದಿದ್ದೀರಿ. 2016ರಲ್ಲಿ ಊರು ಸ್ಮಾರ್ಟ್ ಸಿಟಿ ಪಟ್ಟಿಗೆ ಸೇರಿತು, ಕಾಂಪೌಂಡ್‌ಗಳ ಮೇಲೆ ನೀರು ಉಳಿಸಿ, ಸ್ವಚ್ಛತೆ ಕಾಪಾಡಿ ಅನ್ನುವ ಚಿತ್ರಗಳೂ ಇವೆ, ಸರಿ. ಆದರೆ ನಾನು ನಿಮ್ಮ ಜಾಗದಲ್ಲಿದ್ದರೆ ಅಲ್ಲಿಂದ ಶುರು ಮಾಡುತ್ತಿರಲಿಲ್ಲ. ಟೌನ್ ಹಾಲ್ ಸರ್ಕಲ್‌ನಿಂದ ಎಂ.ಜಿ. ರಸ್ತೆ, ಚಿಕ್ಕಪೇಟೆ, ಮಂಡಿಪೇಟೆ ಅಂತ ನಡೆಯುತ್ತಾ ತಲೆ ಎತ್ತಿ ನೋಡಿ. ಫ್ಲೆಕ್ಸ್‌ಗಳ ನಡುವೆ ಕೈಯಲ್ಲಿ ಬರೆದ ಬೋರ್ಡುಗಳು, ಗೋಡೆ ಬರಹಗಳು ಇನ್ನೂ ಸಿಗುತ್ತವೆ. ತೋರಿಸಬೇಕಾದ್ದು ಅವು.

ಒಂದು ಬೋರ್ಡ್ ಹೇಗೆ ಆಗುತ್ತದೆ ಅಂತ ಹೇಳುತ್ತೇನೆ, ವಾಕ್‌ನಲ್ಲಿ ನೀವೂ ಹೀಗೇ ಹೇಳಬಹುದು. ದಾರಕ್ಕೆ ನೀಲಿ ಪುಡಿ ಸವರಿ, ಇಬ್ಬರು ಎರಡು ತುದಿ ಬಿಗಿಯಾಗಿ ಹಿಡಿದು ಮಧ್ಯದಲ್ಲಿ ಮೀಟಿದರೆ ನೇರ ಗೆರೆ ಬೀಳುತ್ತದೆ. ಇಂಗ್ಲಿಷಿನ ದೊಡ್ಡಕ್ಷರಕ್ಕೆ ಮೇಲೊಂದು ಕೆಳಗೊಂದು ಗೆರೆ ಇದ್ದರೆ ಆಯಿತು. ಕನ್ನಡಕ್ಕೆ ಸಾಲದು. 'ಲಕ್ಷ್ಮೀ ಸ್ಟೋರ್ಸ್' ಅಂತ ಬರೆಯಬೇಕು ಅಂದುಕೊಳ್ಳಿ. 'ಕ್ಷ್ಮೀ' ಕೆಳಗೆ ಎರಡು ಒತ್ತು ಕೂರಬೇಕು, ಮೇಲೆ ಗುಡಿಸು ಬರಬೇಕು, ಪಕ್ಕದಲ್ಲಿ ದೀರ್ಘ. ಜಾಗ ಬಿಡದಿದ್ದರೆ ಒತ್ತು ಹೋಗಿ ಕೆಳಗಿನ ಸಾಲಿನ ಫೋನ್ ನಂಬರ್ ಮೇಲೆ ಕೂರುತ್ತದೆ. ಅದಕ್ಕೆ ಹಿರಿಯರು ಒತ್ತನ್ನು ಸ್ವಲ್ಪ ಬಲಕ್ಕೆ ಸರಿಸಿ, ಬಾಲ ಚಿಕ್ಕದು ಮಾಡಿ, ಅಕ್ಷರದ ಹೊಟ್ಟೆಯನ್ನು ಅಗಲ ಮಾಡುತ್ತಿದ್ದರು. ಎಡಗೈಯಲ್ಲಿ ತುದಿಗೆ ಬಟ್ಟೆ ಸುತ್ತಿದ ಕೋಲು, ಅದರ ಮೇಲೆ ಬಲಗೈ ಊರಿ, ಒಂದೇ ಉಸಿರಿನಲ್ಲಿ ಚಪ್ಪಟೆ ಬ್ರಷ್ ತಿರುಗಿಸಿದರೆ ದಪ್ಪವೂ ಸಣ್ಣವೂ ತಾನಾಗಿ ಬರುತ್ತದೆ. ಶಟರ್‌ಗೆ, ತಗಡಿಗೆ ಎನಾಮಲ್. ಗೋಡೆಗೆ ಡಿಸ್ಟೆಂಪರ್, ಆಮೇಲಾಮೇಲೆ ಎಮಲ್ಷನ್. ಬುಡದಲ್ಲಿ ಗೋಡೆ ತೇವ ಹಿಡಿದರೆ ಉಪ್ಪು ಮೇಲೆದ್ದು ಬಣ್ಣ ಉಬ್ಬಿ ಉದುರುತ್ತದೆ. ಅನುಭವ ಇದ್ದವರು ಮೊದಲು ಗೋಡೆ ಮುಟ್ಟಿ ನೋಡಿ ಆಮೇಲೆ ರೇಟು ಹೇಳುತ್ತಿದ್ದರು.

ಇನ್ನು ಬೋರ್ಡಿನ ಕೆಳಗಿನ ಮೂಲೆ ನೋಡಿ. ಸಣ್ಣಕ್ಷರದಲ್ಲಿ ಯಾರದೋ ಹೆಸರು, ಪಕ್ಕದಲ್ಲಿ 'ಆರ್ಟ್ಸ್' ಅಂತ ಇರುತ್ತದೆ. ವಿದೇಶದ ಬೀದಿ ಕಲೆಯ ವಾಕ್‌ಗಳಲ್ಲಿ ಮೊದಲು ಹೇಳಿಕೊಡುವುದೇ ಟ್ಯಾಗ್ ಬಗ್ಗೆ, ಅಂದರೆ ಬರೆದವರ ಸಹಿ. 1971ರಲ್ಲಿ ನ್ಯೂಯಾರ್ಕ್ ಟೈಮ್ಸ್ ಪತ್ರಿಕೆ ಊರ ತುಂಬ 'ಟಾಕಿ 183' ಅಂತ ಬರೆಯುತ್ತಿದ್ದ ಹುಡುಗನ ಬಗ್ಗೆ ಸುದ್ದಿ ಮಾಡಿತು, ಆಮೇಲೆ ಅದೊಂದು ದೊಡ್ಡ ಅಲೆಯೇ ಆಯಿತು. ನಮ್ಮ ಪೇಂಟರ್‌ಗಳ ಸಹಿ ಮಂಡಿಪೇಟೆಯ ತಗಡಿನ ಮೂಲೆಯಲ್ಲಿ ಇದೆ, ಯಾರೂ ಬರೆದಿಟ್ಟಿಲ್ಲ. ನೀವು ಮೊದಲು ಮಾಡಬೇಕಾದ ಕೆಲಸ ಅದೇ. ಮೂಲೆಯ ಹೆಸರುಗಳನ್ನೆಲ್ಲ ಪುಸ್ತಕದಲ್ಲಿ ಬರೆದುಕೊಳ್ಳಿ, ಅಂಗಡಿಯವರನ್ನು ಕೇಳಿ, ಅವರು ಈಗ ಎಲ್ಲಿದ್ದಾರೆ ಅಂತ ಹುಡುಕಿ. ಕೆಲವರು ಸಿಗುತ್ತಾರೆ. ಹೋಗಿ ಮಾತಾಡಿ, ವಾಕ್‌ಗೆ ಕರೆಯಿರಿ, ಬಂದವರಿಂದ ದುಡ್ಡು ತಗೊಂಡರೆ ಅವರಿಗೆ ಪಾಲು ಕೊಡಿ. ಇದನ್ನು ಮಾತ್ರ ಬಿಡಬೇಡಿ. 2016ರಲ್ಲಿ ರಾಜ್ಯದಲ್ಲಿ ಪ್ಲಾಸ್ಟಿಕ್ ಜೊತೆ ಫ್ಲೆಕ್ಸ್ ಕೂಡ ನಿಷೇಧ ಆಯಿತು, ಆದರೆ ರಸ್ತೆಯಲ್ಲಿ ನೋಡಿದರೆ ಹಾಗನಿಸೋದಿಲ್ಲ. ಹೋದ ಕೆಲಸ ಅವರಿಗೆ ವಾಪಸ್ ಬರಲಿಲ್ಲ.

ಇನ್ನೂ ಹಿಂದಕ್ಕೆ ಹೋಗಬೇಕು ಅಂದರೆ ಪಕ್ಕದಲ್ಲೇ ಗುಬ್ಬಿ ಇದೆ. 1884ರಲ್ಲಿ ಶುರುವಾದ ಗುಬ್ಬಿ ಕಂಪನಿಯ ನಾಟಕಗಳ ಸೀನರಿ ಪರದೆಗಳು, ಅರಮನೆ, ಕಾಡು, ಬೀದಿ, ಎಲ್ಲ ಕೈಯಲ್ಲಿ ಬರೆದದ್ದೇ. ತುಮಕೂರಿನ ಗುಬ್ಬಿ ವೀರಣ್ಣ ಕಲಾಕ್ಷೇತ್ರದ ಮುಂದೆ ಐದು ನಿಮಿಷ ನಿಂತು ಈ ಮಾತು ಹೇಳಿ. ಇಡೀ ದಿನ ಇದ್ದರೆ ಶಿರಾ ರಸ್ತೆಯಲ್ಲಿ ಸುಮಾರು ಇಪ್ಪತ್ತು ಕಿಲೋಮೀಟರ್ ಹೋಗಿ ಸೀಬಿ ನರಸಿಂಹಸ್ವಾಮಿ ದೇವಸ್ಥಾನ ನೋಡಿ. ಟಿಪ್ಪು ಆಸ್ಥಾನದಲ್ಲಿ ಅಧಿಕಾರಿಯಾಗಿದ್ದ ಕಚೇರಿ ಕೃಷ್ಣಪ್ಪನವರ ಮಕ್ಕಳು ಕಟ್ಟಿಸಿದ್ದು. ಮಂಟಪದ ಚಾವಣಿ ತುಂಬ ಬಣ್ಣದ ಚಿತ್ರಗಳು, ಪುರಾಣದ ಕತೆಗಳ ಜೊತೆ ಆ ಕಾಲದ ದರ್ಬಾರೂ ಇದೆ. ಕತ್ತು ನೋಯುವವರೆಗೂ ನೋಡಬಹುದು. ಅಲ್ಲಿ ಯಾರ ಸಹಿಯೂ ಇಲ್ಲ.

ಕೆಲವು ವ್ಯವಹಾರದ ಮಾತು. ಬರೀ ನಡೆದು ತೋರಿಸುವುದಕ್ಕೆ ತೊಂದರೆ ಏನಿಲ್ಲ. ಆದರೆ ಹುಮ್ಮಸ್ಸಿನಲ್ಲಿ ನೀವೇ ಒಂದು ಗೋಡೆ ಬರೆಯುವುದಾದರೆ ಮಾಲೀಕರ ಒಪ್ಪಿಗೆಯನ್ನೂ ಪಾಲಿಕೆಯ ಅನುಮತಿಯನ್ನೂ ಬರಹದಲ್ಲೇ ತಗೊಳ್ಳಿ. ತೆರೆದ ಸ್ಥಳಗಳನ್ನು ವಿಕಾರಗೊಳಿಸುವುದನ್ನು ತಡೆಯೋಕೆ 1981ರ ಕಾಯ್ದೆಯೇ ಇದೆ. ಅಮೆರಿಕದ ಫಿಲಡೆಲ್ಫಿಯಾದಲ್ಲಿ 1984ರಲ್ಲಿ ಗೋಡೆ ಗೀಚುವ ಹುಡುಗರನ್ನು ಹಿಡಿದು ಶಿಕ್ಷಿಸುವ ಬದಲು ಅವರ ಕೈಗೇ ಬಣ್ಣ ಕೊಟ್ಟರು. ಅದೇ ಬೆಳೆದು ಒಂದು ಸಂಸ್ಥೆಯಾಯಿತು, ಇವತ್ತು ಸಾವಿರಾರು ಗೋಡೆ ಚಿತ್ರಗಳಾಗಿವೆ, ಅವನ್ನು ತೋರಿಸುವ ವಾಕ್‌ಗಳನ್ನೂ ಆ ಸಂಸ್ಥೆಯೇ ನಡೆಸುತ್ತದೆ. ಪಾಲಿಕೆಗೆ ಹೋದಾಗ ಈ ಉದಾಹರಣೆ ಹೇಳಿ, ಉಪಯೋಗಕ್ಕೆ ಬರುತ್ತದೆ.

ಸಮಯ ಭಾನುವಾರ ಬೆಳಿಗ್ಗೆ ಆರೂವರೆಗೆ ಇಟ್ಟುಕೊಳ್ಳಿ. ಅಂಗಡಿ ತೆರೆದರೆ ಶಟರ್ ಮೇಲೆ ಹೋಗುತ್ತದೆ, ಅದರ ಮೇಲೆ ಬರೆದದ್ದೂ ಸುತ್ತಿಕೊಂಡು ಹೋಗುತ್ತದೆ. ಗುಂಪು ಹತ್ತು ಜನ ದಾಟಬಾರದು. ಮುಗಿದ ಮೇಲೆ ಎಲ್ಲರನ್ನೂ ಕ್ಯಾತ್ಸಂದ್ರಕ್ಕೆ ಕರೆದುಕೊಂಡು ಹೋಗಿ ತಟ್ಟೆ ಇಡ್ಲಿ ತಿನ್ನಿಸಿ. ಬೆಂಗಳೂರಿಂದ ಬರುವವರು ಅದಕ್ಕಾದರೂ ಬರುತ್ತಾರೆ. ನೀವು ಶುರು ಮಾಡುವುದಾದರೆ ಇಲ್ಲೇ ಕೆಳಗೆ ತಿಳಿಸಿ. ಮಂಡಿಪೇಟೆಯ ಭಾಗ ನಾನು ತೋರಿಸುತ್ತೇನೆ, ನನಗೆ ಕೆಲಸ ಕಲಿಸಿದವರನ್ನೂ ಒಪ್ಪಿಸಿ ಕರೆದುಕೊಂಡು ಬರುತ್ತೇನೆ.