ಓದುಗರ ಪ್ರಶ್ನೆ: ಆ ಮಗುವನ್ನು ಅವಳು ಯಾಕೆ ಕೊಡಲಿಲ್ಲ?

ಪ್ರಶ್ನೆ: 1921ರ ಜರ್ಮನ್ ಮೂಕಿ ಚಿತ್ರ ‘ಡೆರ್ ಮ್ಯೂಡೆ ಟೋಡ್’ ನೋಡಿದೆವು. ಸತ್ತ ಪ್ರಿಯಕರನನ್ನು ಬಿಡಿಸಿಕೊಳ್ಳಲು ಹುಡುಗಿ ಸಾವಿನ ಹತ್ತಿರವೇ ಹೋಗುತ್ತಾಳೆ. ನಮ್ಮ ಸಾವಿತ್ರಿ ಕಥೆಯೇ ಅಲ್ವಾ? ಆದರೆ ಕೊನೆಗೆ ಕೈಯಲ್ಲಿದ್ದ ಮಗುವನ್ನು ಸಾವಿಗೆ ಒಪ್ಪಿಸಿದ್ದರೆ ಅವನು ಬದುಕುತ್ತಿದ್ದ. “ಇಷ್ಟೇನಾ ಪ್ರೀತಿ?” ಅಂತಾರೆ ನಮ್ಮನೆಯವರು. ನೀವೇನಂತೀರಿ?
– ಓದುಗರೊಬ್ಬರು, ದಾವಣಗೆರೆ

ಉತ್ತರ: ನಿಮ್ಮನೆಯವರ ಮಾತು ನಾನು ಒಪ್ಪುವುದಿಲ್ಲ.

ಸಾವಿತ್ರಿ ನೆನಪಾಗಿದ್ದು ಸಹಜ. ಕಾರಹುಣ್ಣಿಮೆ ದಿನ ಆಲದ ಮರಕ್ಕೆ ನೂಲು ಸುತ್ತುವುದನ್ನು ನಮ್ಮತ್ತೆ ಇವತ್ತಿಗೂ ತಪ್ಪಿಸುವುದಿಲ್ಲ. ಆದರೆ ಸಾವಿತ್ರಿ ಯಮನನ್ನು ಮಾತಿನಲ್ಲೇ ಕಟ್ಟಿಹಾಕಿದಳು. ಈ ಚಿತ್ರದ ನಿರ್ದೇಶಕ ಫ್ರಿಟ್ಸ್ ಲಾಂಗ್ ತೋರಿಸುವ ಸಾವಿಗೆ ತನ್ನ ಕೆಲಸವೇ ಸಾಕಾಗಿದೆ, ಬಿಡುವ ಅಧಿಕಾರ ಮಾತ್ರ ಇಲ್ಲ. ಆರಲಿರುವ ಮೂರು ಜೀವಗಳ ಮೂರು ದೀಪ ತೋರಿಸಿ, ಒಂದನ್ನಾದರೂ ಆರದಂತೆ ಉಳಿಸಿದರೆ ನಿನ್ನವನನ್ನು ಕೊಡುತ್ತೇನೆ ಅನ್ನುತ್ತಾನೆ. ಒಂದೊಂದು ದೀಪಕ್ಕೂ ಒಂದೊಂದು ಕಥೆ. ಖಲೀಫನ ಊರು, ವೆನಿಸ್, ಚೀನಾ, ಮೂರೂ ಕಡೆ ಅವಳು ಸೋಲುತ್ತಾಳೆ. ಈ ಕಥೆಗಳು ನೋಡಲು ಚೆಂದ. ಚಿತ್ರದ ಜೀವ ಇರುವುದು ಮಾತ್ರ ಆಮೇಲೆ.

ಬದಲಿಗೆ ಒಂದು ಜೀವ ತಂದರೆ ಅವನನ್ನು ಕೊಡುತ್ತೇನೆ ಅನ್ನುತ್ತಾನೆ ಸಾವು. ಅವಳು ಊರೆಲ್ಲ ಅಲೆಯುತ್ತಾಳೆ. ಬದುಕು ಸಾಕಾಯಿತು ಅಂತ ಗೊಣಗುವ ಮುದುಕರೂ ಒಂದು ಉಸಿರು ಬಿಟ್ಟುಕೊಡುವುದಿಲ್ಲ. ಅಷ್ಟರಲ್ಲಿ ಮನೆಯೊಂದಕ್ಕೆ ಬೆಂಕಿ. ಎಲ್ಲರೂ ಹೊರಗೆ ಓಡಿಬಂದಿದ್ದಾರೆ, ಕೂಸೊಂದು ಒಳಗೇ ಉಳಿದಿದೆ, ತಾಯಿ ಬೀದಿಯಲ್ಲಿ ಗೋಳಾಡುತ್ತಿದ್ದಾಳೆ. ಇವಳು ಒಳಗೆ ನುಗ್ಗುತ್ತಾಳೆ. ಈಗ ಕೂಸು ಅವಳ ಕೈಯಲ್ಲಿ. ಎದುರಿಗೆ ಸಾವು ಕೈ ಚಾಚಿ ನಿಂತಿದ್ದಾನೆ. ಕೊಟ್ಟುಬಿಡುತ್ತಾಳೇನೋ ಅನ್ನಿಸುತ್ತದೆ. ಅಲ್ಲಿ ಹುಡುಗಿಯ ಪಾತ್ರ ಮಾಡಿದ ಲಿಲ್ ಡಾಗೋವರ್ ಮುಖ ನೋಡಿ. ಆಸೆ ಇದೆ, ಜಾಸ್ತಿಯೇ ಇದೆ. ಆದರೂ ಕೂಸನ್ನು ಎದೆಗವಚಿಕೊಂಡು ಕಿಟಕಿಯಿಂದ ತಾಯಿಗೆ ಇಳಿಸಿಬಿಡುತ್ತಾಳೆ.

ಪ್ರೀತಿ ಕಡಿಮೆಯಾಗಿ ಅಲ್ಲ. ಕಳೆದುಕೊಳ್ಳುವುದು ಅಂದರೇನು ಅಂತ ಆಗತಾನೆ ಅನುಭವಿಸಿದವಳು ಅವಳು. ಅದನ್ನೇ ಇನ್ನೊಬ್ಬ ಹೆಂಗಸಿನ ಮಡಿಲಿಗೆ ಹಾಕಿ, ಅವನ ಜೊತೆ ಹೇಗೆ ಸಂಸಾರ ಮಾಡುವುದು? ಅದಕ್ಕೇ ತನ್ನ ಜೀವವನ್ನೇ ಕೊಟ್ಟು ಅವನಿದ್ದಲ್ಲಿಗೆ ಹೋಗುತ್ತಾಳೆ. ಇಷ್ಟೇನಾ ಅನ್ನುವ ಪ್ರೀತಿಯಲ್ಲ ಇದು. ನಿಮ್ಮನೆಯವರಿಗೆ ಆ ದೃಶ್ಯವೊಂದನ್ನೇ ಮತ್ತೆ ತೋರಿಸಿ.

ಪ್ರಶ್ನೆ: ಈ ಕಥೆ ಬರೆದವರು ಯಾರು?
– ಚಿತ್ರದುರ್ಗದ ವಿದ್ಯಾರ್ಥಿನಿ

ಉತ್ತರ: ಲಾಂಗ್ ಮತ್ತು ಥೇಯಾ ಫೋನ್ ಹಾರ್ಬೋ. ಮರುವರ್ಷ, 1922ರಲ್ಲಿ ಅವರಿಬ್ಬರೂ ಮದುವೆಯಾದರು. ‘ಮೆಟ್ರೊಪೊಲಿಸ್’ ಚಿತ್ರ ಕೂಡ ಇಬ್ಬರ ಕೆಲಸವೇ. 1933ರಲ್ಲಿ ಬೇರೆಯಾದರು.